ಮನೆಯಂಗಳದ ಮರಗಳೂ ಅವುಗಳ ಬೇರುಗಳೂ

ಕೃಷ್ಣಾ ನದಿಯ ದಂಡೆಯ ಮೇಲಿರುವ ಹಿಪ್ಪರಗಿಯಲ್ಲಿಯೂ, ಸುತ್ತಲಿನ ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿಗಳ ಸೀಮೆಯಲ್ಲಿಯೂ ಮನೆಯ ಮುಂದೆ ಒಂದು ಬೇವಿನ ಮರವಿರುವುದು ವಾಡಿಕೆ. ಬೇಸಿಗೆಯ ಉರಿಬಿಸಿಲಿನಲ್ಲಿ ಮನುಷ್ಯರಿಗೂ ದನಕರುಗಳಿಗೂ ಅದೇ ಆಶ್ರಯ. ಆದರೆ ಅದೇ ಮನೆಯ ಗೋಡೆಯಲ್ಲಿ ಬಿರುಕು ಕಂಡ ಕೂಡಲೆ, ಬೇರು ಗೋಡೆಯನ್ನು ಒಡೆಯಿತೆಂದು ತಿಳಿದು ಮರಕ್ಕೆ ಕೊಡಲಿ ಹಾಕುವವರೂ ಉಂಟು. ಇದರಿಂದ ನೆರಳು ಹೋಗುವುದು. ಗೋಡೆಯ ಬಿರುಕು ಮಾತ್ರ ಅನೇಕ ವೇಳೆ ಹಾಗೆಯೇ ಉಳಿಯುವುದು. ಈ ಎರಡು ನಷ್ಟಗಳನ್ನೂ ತಪ್ಪಿಸಿಕೊಳ್ಳಬೇಕಾದರೆ ಬೇರಿನ ಸ್ವಭಾವವನ್ನೂ ಎರೆಮಣ್ಣಿನ ಸ್ವಭಾವವನ್ನೂ ಕೂಡಿಯೇ ಅರಿಯಬೇಕು.

ಬೇರುಗಳ ಹರವು

ಮರವು ಮೇಲೆ ಎಷ್ಟು ಎತ್ತರವೋ ಕೆಳಗೆ ಬೇರು ಅಷ್ಟೇ ಆಳವೆಂಬ ನಂಬಿಕೆ ಬಹುಜನರಲ್ಲಿದೆ. ಇದು ಸರಿಯಲ್ಲ. ಬೇವಿನ ಸಸಿಯು ಮೊದಲು ಒಂದು ತಾಯಿಬೇರನ್ನು ನೇರವಾಗಿ ಕೆಳಗೆ ಇಳಿಸುವುದು ನಿಜ. ಆದರೆ ಮರವು ಬೆಳೆದಂತೆ ಅಡ್ಡಬೇರುಗಳು ಎಲ್ಲ ಕಡೆಗೂ ಹರಡುವವು. ಮರದ ಬೇರುಗಳಲ್ಲಿ ಹೆಚ್ಚಿನ ಪಾಲು ನೆಲದ ಮೇಲಿನ 2-3 ಅಡಿ ಮಣ್ಣಿನಲ್ಲಿಯೇ ಇರುತ್ತದೆ. ಅಗಲದಲ್ಲಿ ನೋಡಿದರೆ, ಅವು ಕೊಂಬೆಗಳ ನೆರಳು ಬೀಳುವ ಎಲ್ಲೆಯನ್ನು ದಾಟಿ, ಬುಡದಿಂದ ಆ ಎಲ್ಲೆಗಿರುವ ದೂರದ ಎರಡು ಮೂರು ಪಟ್ಟು ಹೋಗಬಲ್ಲವು.

ಇದಕ್ಕೆ ಕಾರಣವೇನೆಂದರೆ, ಬೇರಿಗೆ ನೀರು ಎಷ್ಟು ಅವಶ್ಯವೋ ಗಾಳಿಯೂ ಅಷ್ಟೇ ಅವಶ್ಯ. ಮಣ್ಣಿನ ಸಂದುಗಳಲ್ಲಿರುವ ಗಾಳಿಯಿಂದ ಬೇರು ಉಸಿರಾಡುವುದು. ಮೇಲ್ಮಣ್ಣಿನಲ್ಲಿ ಗಾಳಿ, ತೇವ, ಗೊಬ್ಬರದಂಶ ಮೂರೂ ದೊರೆಯುವುದರಿಂದ ಬೇರುಗಳು ಅಲ್ಲಿಯೇ ದಟ್ಟವಾಗುವವು. ನೀರನ್ನು ಹೀರುವ ಕೆಲಸವು ಅವುಗಳ ತುದಿಯ ಕೂದಲಿನಂಥ ಎಳೆಬೇರುಗಳದು. ಬುಡದ ದಪ್ಪಬೇರುಗಳು ಮುಖ್ಯವಾಗಿ ಮರವನ್ನು ಗಾಳಿಗೆ ಬೀಳದಂತೆ ಹಿಡಿದು ನಿಲ್ಲಿಸುತ್ತವೆ.

ಗೋಡೆ ಬಿರಿಯುವುದೇಕೆ?

ಗಟ್ಟಿಯಾದ ಕಲ್ಲುಗಾರೆಯ ಗೋಡೆಯನ್ನು ಕೊರೆದು ಒಳಹೊಗುವ ಶಕ್ತಿ ಬೇರಿನ ತುದಿಗಿಲ್ಲ. ಮೊದಲೇ ಬಿರುಕಿದ್ದಲ್ಲಿ ಅದು ಸೇರಿ, ಅನಂತರ ದಪ್ಪವಾಗುತ್ತ ಬಿರುಕನ್ನು ಅಗಲಿಸಬಹುದು. ಬುಡವು ಗೋಡೆಗೆ ಹತ್ತಿಕೊಂಡಿದ್ದರೆ ದಪ್ಪಬೇರು ಹಗುರವಾದ ಆವರಣಗೋಡೆಯನ್ನು ಇಲ್ಲವೆ ನೆಲದ ಹಾಸುಗಲ್ಲನ್ನು ಎತ್ತಬಹುದು. ಆದರೆ ಎರೆಯ ಸೀಮೆಯಲ್ಲಿ ದೊಡ್ಡ ಹಾನಿಗೆ ಮೂಲವು ಮಣ್ಣಿನಲ್ಲಿದೆ.

ಎರೆಮಣ್ಣಿನಲ್ಲಿ ನೀರನ್ನು ಹೀರಿ ಉಬ್ಬುವ, ಒಣಗಿ ಕುಗ್ಗುವ ಜಿಗುಟಾದ ಅಂಶವು ಬಹಳ. ಮಳೆಗಾಲದಲ್ಲಿ ಅದು ಉಬ್ಬಿ ಮೇಲೇಳುವುದು. ಬೇಸಿಗೆಯಲ್ಲಿ ಕುಗ್ಗಿ ಬಾಯ್ದೆರೆಯುವುದು. ಎರೆಹೊಲದ ಬಿರುಕುಗಳಲ್ಲಿ ಕೈ ಇಳಿಯುವಷ್ಟು ಸಂದಾಗುವುದನ್ನು ಒಕ್ಕಲಿಗರೆಲ್ಲರೂ ಕಂಡಿದ್ದಾರೆ. ಮನೆಯ ತಳಪಾಯದ ಕೆಳಗಿನ ಎರೆಯೂ ಇದೇ ರೀತಿ ನಡೆದುಕೊಳ್ಳುವುದು. ತಳಪಾಯವು ಆಳವಿಲ್ಲದೆ ಎರೆಯ ಮೇಲೆಯೇ ಕುಳಿತಿದ್ದರೆ, ಮರವಿಲ್ಲದಿದ್ದರೂ ಗೋಡೆ ಬಿರಿಯುವುದುಂಟು. ಹತ್ತಿರದಲ್ಲಿ ದೊಡ್ಡ ಮರವಿದ್ದರೆ ಅದರ ಬೇರುಗಳು ಒಂದು ಮಗ್ಗುಲಿನ ತೇವವನ್ನು ಹೀರಿ, ಅಲ್ಲಿಯ ಮಣ್ಣನ್ನು ಮಿಕ್ಕ ಕಡೆಗಿಂತ ಹೆಚ್ಚಾಗಿ ಕುಗ್ಗಿಸುವವು. ಆಗ ಗೋಡೆಯು ಆ ಕಡೆಗೆ ಕುಸಿದು ಓರೆಯಾಗಿ ಬಿರಿಯುವುದು. ಅಂದರೆ ಮರವು ಗೋಡೆಯನ್ನು ನೂಕುವುದಿಲ್ಲ; ಅದರ ಕೆಳಗಿನ ನೀರನ್ನು ಕುಡಿಯುತ್ತದೆ.

ಕೊಡಲಿ ಎತ್ತುವ ಮೊದಲು ಒಂದು ಸಣ್ಣ ಪರೀಕ್ಷೆ ಮಾಡತಕ್ಕದ್ದು. ಬಿರುಕಿನ ಎರಡೂ ಅಂಚುಗಳಲ್ಲಿ ಗುರುತುಹಾಕಿ, ತಿಂಗಳಿಗೊಮ್ಮೆ ಅವುಗಳ ನಡುವಿನ ಅಂತರವನ್ನು ಅಳೆದು ತಾರೀಖಿನೊಡನೆ ಬರೆದಿಡಬೇಕು. ಬಿರುಕು ಬೇಸಿಗೆಯಲ್ಲಿ ಅಗಲವಾಗಿ ಮಳೆಯ ತರುವಾಯ ಮುಚ್ಚಿಕೊಳ್ಳುತ್ತ ಬಂದರೆ, ಮಣ್ಣಿನ ಏರಿಳಿತವೇ ಅದಕ್ಕೆ ಕಾರಣವೆಂದು ತಿಳಿಯಬಹುದು. ಒಂದೇ ಸಮನೆ ಬೆಳೆಯುತ್ತ ಹೋದರೆ ಬಲ್ಲ ಗೌಂಡಿಯವರನ್ನಾಗಲಿ ಎಂಜಿನಿಯರರನ್ನಾಗಲಿ ಕರೆದು ತಳಪಾಯವನ್ನು ತೋರಿಸಬೇಕು.

ಮನೆಗಿಂತ ಮೊದಲೇ ಇದ್ದ ಹಳೆಯ ಮರವನ್ನು ಥಟ್ಟನೆ ಕಡಿಯುವುದರಲ್ಲಿಯೂ ಅಪಾಯವುಂಟು. ಅಷ್ಟು ವರ್ಷ ಮರವು ಹೀರುತ್ತಿದ್ದ ನೀರು ಮಣ್ಣಿನಲ್ಲಿಯೇ ನಿಂತು, ಎರೆಯು ಮೆಲ್ಲಮೆಲ್ಲನೆ ಉಬ್ಬಿ ಗೋಡೆಯನ್ನು ಮೇಲಕ್ಕೆ ಎತ್ತಬಹುದು. ಮನೆಯ ಕಡೆಯ ದಪ್ಪಬೇರುಗಳನ್ನಷ್ಟೇ ಕಡಿದರೆ ಮರದ ಹಿಡಿತವು ಒಂದು ಮಗ್ಗುಲಲ್ಲಿ ತಪ್ಪಿ, ಬಿರುಗಾಳಿಗೆ ಅದು ಮಾಳಿಗೆಯ ಮೇಲೆಯೇ ಬೀಳಬಹುದು. ಇದಕ್ಕಿಂತ ತಿಳಿದವರಿಂದ ಕೊಂಬೆಗಳನ್ನು ಮಿತವಾಗಿ ಸವರಿಸುವುದು ಲೇಸು. ಎಲೆ ಕಡಿಮೆಯಾದಷ್ಟು ಕಾಲ ನೀರಿನ ಸೆಳೆತವೂ ಕಡಿಮೆಯಾಗುವುದು.

ಎಷ್ಟು ದೂರ, ಯಾವ ಮರ?

ಎರೆಯಲ್ಲಿ ಪೂರ್ಣ ಬೆಳೆದ ಮರದ ಎತ್ತರದಷ್ಟು ಜಾಗವನ್ನು ಗೋಡೆಗೂ ಬುಡಕ್ಕೂ ನಡುವೆ ಬಿಡುವುದು ಅತ್ಯುತ್ತಮ. ಅಷ್ಟು ಸ್ಥಳವಿಲ್ಲದವರು ಅರ್ಧ ಎತ್ತರಕ್ಕಿಂತ ಕಡಿಮೆ ಮಾಡಕೂಡದು. ತಳಪಾಯವನ್ನು ಎರೆ ಕಳೆದು ಗಟ್ಟಿ ಗರಸು ಸಿಕ್ಕುವವರೆಗೆ ಇಳಿಸಿದ ಮನೆಗಳಿಗೂ, ಗರಸುನೆಲದ ಮೇಲಿನ ಮನೆಗಳಿಗೂ ಇಷ್ಟು ಭಯವಿಲ್ಲ.

ಆಲ, ಅರಳಿ, ಅತ್ತಿ, ಬಸರಿಗಳು ಪೂಜ್ಯವಾದ ಮರಗಳೇ ಸರಿ. ಆದರೆ ಅವುಗಳಿಗೆ ತಕ್ಕ ಸ್ಥಳವು ಗುಡಿಯ ಬಯಲು ಮತ್ತು ಊರ ಗಾಯರಾಣ, ಮನೆಯ ಅಂಗಳವಲ್ಲ. ಹಕ್ಕಿಗಳು ತಂದ ಇವುಗಳ ಬೀಜವು ಗೋಡೆಯ ಸಂದಿನಲ್ಲಿ ಮೊಳೆತರೆ ಎರಡೆಲೆಯ ಕಾಲದಲ್ಲಿಯೇ ಬೇರುಸಹಿತ ಕಿತ್ತು, ಸಂದನ್ನು ಗಾರೆಯಿಂದ ಮುಚ್ಚಬೇಕು. ಮೇಲಿನ ಭಾಗವನ್ನಷ್ಟೇ ಕತ್ತರಿಸಿದರೆ ಅದು ಮತ್ತೆ ಚಿಗುರುವುದು. ಇಕ್ಕಟ್ಟಾದ ಹಿತ್ತಲಿಗೆ ನಿಂಬೆ, ಪೇರಲ, ಕರಿಬೇವು, ನುಗ್ಗೆ ಮುಂತಾದ ಸಣ್ಣ ಮರಗಳು ಅನುಕೂಲ. ಬಚ್ಚಲ ನೀರು ಸೋರುವ ಗಟಾರದ ಸಂದುಗಳಿಗೆ ಎಲ್ಲ ಮರದ ಬೇರುಗಳೂ ನುಗ್ಗುವವು. ಆದುದರಿಂದ ಸೋರಿಕೆಯನ್ನು ಮೊದಲು ನಿಲ್ಲಿಸತಕ್ಕದ್ದು.

ನದಿಯ ದಂಡೆಯ ಊರುಗಳಿಗೆ ಇನ್ನೊಂದು ಮಾತು. ಕೃಷ್ಣೆಯ ಮಹಾಪೂರಗಳು 2005ರಲ್ಲಿಯೂ 2019ರಲ್ಲಿಯೂ ಈ ಸೀಮೆಯನ್ನು ಬಾಧಿಸಿದವು. ನೀರು ನಿಂತ ನೆಲದಲ್ಲಿ ಗಾಳಿಯಿಲ್ಲದೆ ಬೇರುಗಳು ಕೊಳೆಯುವವು. ಬೇವು ಬರವನ್ನು ತಾಳುವುದು, ನಿಂತ ನೀರನ್ನು ತಾಳದು. ತಗ್ಗಿನ ಅಂಗಳಕ್ಕೂ, ಕಬ್ಬಿಗೆ ಅತಿಯಾಗಿ ನೀರು ಹಾಯಿಸಿ ಸವಳು-ಜವಳಾದ ನೆಲದ ಅಂಚಿಗೂ ಹೊಂಗೆಯೇ ಮೇಲು.

ಪರದೇಶದ ಚಿತ್ರಗಳಲ್ಲಿ ಬಿಳಿಯ ತೊಗಟೆಯ ಬರ್ಚ್ ಮರವನ್ನು ಮನೆಗಳ ಮುಂದೆ ಕಂಡು ಅದನ್ನು ಬಯಸುವವರೂ ಉಂಟು. ಅದು ನಮ್ಮ ಹಿರಿಯರು ಬಲ್ಲ ಭೂರ್ಜವೃಕ್ಷದ ಕುಲದ್ದು. ಭೂರ್ಜದ ತೊಗಟೆಯ ಮೇಲೆ ಪೂರ್ವಕಾಲದಲ್ಲಿ ಗ್ರಂಥಗಳನ್ನು ಬರೆಯುತ್ತಿದ್ದರು; ಹಿಮಾಲಯದಲ್ಲಿ ಸುಮಾರು 10000 ಅಡಿಗಳಿಗೂ ಮೇಲೆ ಅದರ ಬೆಳವಣಿಗೆ. ಈ ಜಾತಿಯ ಬೇರುಗಳು ಮೇಲ್ಮಣ್ಣಿನಲ್ಲಿಯೇ ಹರಡಿ ಸದಾ ತಂಪನ್ನೂ ತೇವವನ್ನೂ ಬೇಡುವವು. ವರ್ಷಕ್ಕೆ ಸುಮಾರು 20 ಅಂಗುಲ ಮಳೆಯ ನಮ್ಮ ಬಿಸಿಲುನಾಡಿನಲ್ಲಿ ಅದಕ್ಕೆ ಬಾಳಿಲ್ಲ. ಮರವನ್ನು ತೊಗಟೆಯ ಚೆಲುವು ನೋಡಿ ಆರಿಸದೆ ಬೇರಿನ ಬೇಡಿಕೆ ನೋಡಿ ಆರಿಸಬೇಕೆಂಬುದಕ್ಕೆ ಇದೊಂದು ದೃಷ್ಟಾಂತ.

ನೆಡುವ ಕ್ರಮ

1. ಮುಂಗಾರಿನ ಮಳೆಯಿಂದ ನೆಲವು ಚೆನ್ನಾಗಿ ನೆನೆದ ಮೇಲೆ ನೆಡತಕ್ಕದ್ದು. ಬೇವಿನ ಬೀಜವು ಬೇಗ ಸತ್ವಗುಂದುವುದರಿಂದ, ಹಣ್ಣು ಉದುರಿದ ಕೆಲವೇ ದಿನಗಳೊಳಗೆ ತಿರುಳನ್ನು ತೊಳೆದು ಬಿತ್ತಬೇಕು.

2. ಕುಣಿಯು 3 ಅಡಿ ಅಗಲ, 2 ಅಡಿ ಆಳವಿರಲಿ. ಎರೆಯಲ್ಲಿ ತೋಡಿದ ಕುಣಿಯ ಗೋಡೆಗಳು ನುಣುಪಾಗಿದ್ದರೆ ಬೇರು ಹೊರಗೆ ಹೋಗದೆ ಗಡಿಗೆಯಲ್ಲಿ ಸುತ್ತಿದಂತೆ ಒಳಗೇ ಸುತ್ತುವುದು. ಆದುದರಿಂದ ಗುದ್ದಲಿಯಿಂದ ಗೋಡೆಗಳನ್ನು ಒರಟುಮಾಡಬೇಕು. ಅಗೆದ ಮಣ್ಣಿಗೆ ಚೆನ್ನಾಗಿ ಕಳಿತ ತಿಪ್ಪೆಗೊಬ್ಬರವನ್ನು ಬೆರೆಸಿ ತುಂಬಬೇಕು.

3. ಸಸಿಯ ಪ್ಲಾಸ್ಟಿಕ್ ಚೀಲವನ್ನು ಪೂರ್ತಿಯಾಗಿ ತೆಗೆಯಬೇಕು. ಸುರುಳಿ ಸುತ್ತಿದ ಬೇರುಗಳನ್ನು ಬಿಡಿಸಬೇಕು, ಇಲ್ಲವೆ ಕತ್ತರಿಸಬೇಕು. ಹಾಗೆಯೇ ಬಿಟ್ಟರೆ ಅವು ಮುಂದೆ ದಪ್ಪವಾಗಿ ಮರದ ಬುಡವನ್ನೇ ಬಿಗಿಯುವವು.

4. ಬೇರು ಕವಲೊಡೆಯುವ ಭಾಗವು ನೆಲದ ಮಟ್ಟಕ್ಕಿರಲಿ, ಕಾಂಡವನ್ನು ಹೂಳಕೂಡದು. ಮಡಿಯನ್ನು ಬುಡದಿಂದ ತುಸು ದೂರಕ್ಕೆ ಮಾಡಿ, ಸಸಿಯು ಬೆಳೆದಂತೆ ಅದನ್ನು ಅಗಲಿಸಬೇಕು. ದಿನವೂ ಒಂದು ತಂಬಿಗೆ ನೀರು ಹಾಕುವುದಕ್ಕಿಂತ ವಾರಕ್ಕೊಮ್ಮೆ ಆಳವಾಗಿ ನೆನೆಯುವಂತೆ ನೀರುಣಿಸುವುದು ಮೇಲು. ಮಡಿಯ ಮೇಲೆ ಕಬ್ಬಿನ ರವದಿಯನ್ನಾಗಲಿ ಒಣ ಎಲೆಯನ್ನಾಗಲಿ ಹೊದಿಸಿದರೆ ತೇವವು ಉಳಿಯುವುದು. ಆ ಹೊದಿಕೆಯು ಕಾಂಡಕ್ಕೆ ತಾಗದಿರಲಿ.

5. ಬೆಳೆದ ಮರಕ್ಕೆ ಕಟ್ಟೆ ಕಟ್ಟುವಾಗ ಬುಡಕ್ಕೆ ಮಣ್ಣು ಒಟ್ಟಿ ಸಿಮೆಂಟು ಮುಚ್ಚುವುದು ಬಹಳ ಕಡೆ ಕಾಣುವ ತಪ್ಪು. ಇದರಿಂದ ಬೇರುಗಳಿಗೆ ಗಾಳಿ ತಪ್ಪುವುದು, ತೊಗಟೆಯು ಕೊಳೆಯುವುದು. ಮರವು ಕೆಲವು ವರ್ಷಗಳ ಮೇಲೆ ಒಣಗಿದಾಗ ಯಾರಿಗೂ ಕಟ್ಟೆಯ ಮೇಲೆ ಸಂಶಯ ಬರುವುದಿಲ್ಲ. ಕೂಡುವವರಿಗಾಗಿ ಬುಡದಿಂದ ದೂರದಲ್ಲಿ ಕಲ್ಲಿನ ಆಸನಗಳನ್ನಿಟ್ಟರೆ ಸಾಕು.

ಬೇವಿನ ಮರವು ನೆಟ್ಟವರಿಗಿಂತ ಹೆಚ್ಚುಕಾಲ ಬಾಳುವಂಥದು. ನೆಡುವ ದಿನ ಹತ್ತು ಹೆಜ್ಜೆ ಹೆಚ್ಚಾಗಿ ನಡೆದು ಕುಣಿ ತೋಡಿದವನ ಮೊಮ್ಮಕ್ಕಳು ಮರ ಬೇಕೋ ಮನೆ ಬೇಕೋ ಎಂದು ಚಿಂತಿಸಬೇಕಾಗಿಲ್ಲ. ಹೊಸ ಮನೆ ಕಟ್ಟುವವರು ತಳಪಾಯದ ರೇಖೆ ಎಳೆಯುವ ದಿನವೇ ಮರದ ಸ್ಥಳವನ್ನೂ ಗೊತ್ತುಮಾಡತಕ್ಕದ್ದು.