ಚಪ್ಪರದ ಲೆಕ್ಕ ಇಬ್ಬರದೂ ಆದಾಗ

ಮದುವೆ ಗೊತ್ತಾದ ಹುಡುಗ ಹುಡುಗಿ ಜೊತೆಗೆ ಕೂತು ಛತ್ರವೋ ಮನೆಮುಂದಿನ ಚಪ್ಪರವೋ, ಊಟ ಎಷ್ಟು ಜನಕ್ಕೆ, ಚಿನ್ನ ಎಷ್ಟು, ಸಾಲ ಮಾಡುವುದೋ ಬೇಡವೋ ಎಂದು ತಾವೇ ಲೆಕ್ಕ ಹಾಕುವುದನ್ನು ಬೆಂಗಳೂರಿನ ರೂಢಿ ಎಂದುಕೊಂಡವರು ಬಹಳ. ಬೆಂಗಳೂರು–ಮೈಸೂರು ರಸ್ತೆಯಲ್ಲಿರುವ ಬಾಬುರಾಯನಕೊಪ್ಪಲಿನಂಥ ಊರಿಗೆ ಅದು ಆ ರಸ್ತೆಯಲ್ಲೇ ಬಂದಿರಬೇಕು ಎಂಬ ಊಹೆಯೂ ಸಹಜವೇ. ಆದರೆ ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲದ ಸೀಮೆಯಲ್ಲಿ ಮದುವೆ ನೂರು ವರ್ಷಗಳಲ್ಲಿ ಹೇಗೆ ಬದಲಾಯಿತು ಎಂದು ಹಿಂದಕ್ಕೆ ಹೋಗಿ ನೋಡಿದರೆ ಬೇರೆಯದೇ ಕಾಣುತ್ತದೆ. ಇಲ್ಲಿ ಮದುವೆಯ ಖರ್ಚನ್ನು ತಗ್ಗಿಸಲು ಕಾನೂನು ಬಂದಿತ್ತು, ಕವಿ ಬಂದಿದ್ದರು, ಚಳವಳಿ ಬಂದಿತ್ತು, ಕೊನೆಗೆ ಸಾಂಕ್ರಾಮಿಕ ರೋಗವೂ ಬಂತು. ಬಾಳಬೇಕಾದ ಇಬ್ಬರೂ ಸೇರಿ ತೀರ್ಮಾನಿಸಿದ ಕಡೆ ಬದಲಾವಣೆ ನೆಲೆನಿಂತಿತು, ಉಳಿದ ಕಡೆ ಹೆಚ್ಚು ಕಾಲ ನಿಲ್ಲಲಿಲ್ಲ ಎಂಬುದು ನನ್ನ ವಾದ.

ಹಳೆಯ ಮೈಸೂರಿನ ಒಕ್ಕಲು ಮನೆಗಳಲ್ಲಿ ಹಣ ಹರಿಯುತ್ತಿದ್ದ ದಿಕ್ಕು ಈಗಿನದಕ್ಕೆ ತಿರುವುಮುರುವು. ಗಂಡಿನ ಕಡೆಯವರು ಹೆಣ್ಣಿನ ಮನೆಗೆ ತೆರ ಕೊಟ್ಟು ಹೆಣ್ಣು ತರುತ್ತಿದ್ದರು. ಎಂ.ಎನ್. ಶ್ರೀನಿವಾಸ್ 1942ರಲ್ಲಿ ಮೈಸೂರು ಸೀಮೆಯ ಮದುವೆ ಮತ್ತು ಕುಟುಂಬದ ಬಗ್ಗೆ ಪ್ರಕಟಿಸಿದ ಪುಸ್ತಕದಲ್ಲಿ ಈ ತೆರದ ವಿವರವಿದೆ. ಹೊಲದಲ್ಲಿ ಗಂಡಿಗೆ ಸಮನಾಗಿ ದುಡಿಯುವ ಹೆಣ್ಣನ್ನು ಕಳಿಸಿಕೊಡುವ ಮನೆಗೆ ಅದೊಂದು ಪರಿಹಾರ. 1930ರ ದಶಕದಲ್ಲಿ ವಿಶ್ವೇಶ್ವರಯ್ಯ ನಾಲೆಯ ನೀರು ಹರಿಯಿತು, 1933ರಲ್ಲಿ ಮಂಡ್ಯದ ಮೈಷುಗರ್ ಕಾರ್ಖಾನೆ ಶುರುವಾಯಿತು. ರಾಗಿ ಬೆಳೆಯುತ್ತಿದ್ದ ಮನೆಗೆ ಕಬ್ಬಿನ ಬಿಲ್ಲು ಒಟ್ಟಿಗೆ ಕೈಗೆ ಬರತೊಡಗಿತು. ಮಾನವಶಾಸ್ತ್ರಜ್ಞೆ ಸ್ಕಾರ್ಲೆಟ್ ಎಪ್‌ಸ್ಟೀನ್ 1950ರ ದಶಕದ ನಡುವೆ ಮಂಡ್ಯ ಸೀಮೆಯ ಎರಡು ಹಳ್ಳಿಗಳಲ್ಲಿ, ಒಂದು ನೀರಾವರಿಯದು, ಇನ್ನೊಂದು ಒಣಭೂಮಿಯದು, ಇದ್ದು ಅಧ್ಯಯನ ಮಾಡಿದರು. ಆಗ ತೆರ ಇನ್ನೂ ರೂಢಿಯಲ್ಲಿತ್ತು. 1970ರಲ್ಲಿ ಅವರು ಮತ್ತೆ ಬರುವ ಹೊತ್ತಿಗೆ ವರದಕ್ಷಿಣೆ ಕಾಲಿಟ್ಟಿತ್ತು. ಓದಿದ, ಸರ್ಕಾರಿ ಕೆಲಸದ ಗಂಡಿಗೆ ಬೆಲೆ ಬಂದಿತ್ತು. ಹೆಂಗಸು ಗದ್ದೆಗೆ ಇಳಿಯದಿರುವುದೇ ಮನೆತನದ ಗೌರವವಾಗಿತ್ತು. ವರದಕ್ಷಿಣೆ ನಿಷೇಧ ಕಾಯ್ದೆ ಜಾರಿಯಾದದ್ದು 1961ರಲ್ಲಿ. ಕಾಗದದಲ್ಲಿ ನಿಷೇಧ ಬಂದ ದಶಕದಲ್ಲೇ ಮಂಡ್ಯದ ಹಳ್ಳಿಗಳಲ್ಲಿ ವರದಕ್ಷಿಣೆ ಚಿಗುರುತ್ತಿತ್ತು. ವರೋಪಚಾರ ಎಂಬ ಹೆಸರಿನಲ್ಲಿ ಸೂಟು, ವಾಚು, ಬೈಕು, ಚಿನ್ನ ಎಲ್ಲವೂ ಅದರ ಹಿಂದೆ ಬಂದವು. ತೆರದ ಕಾಲವನ್ನು ನೆನೆದು ಹಿಂದೆಯೇ ಚೆನ್ನಾಗಿತ್ತು ಎಂದು ನಿಟ್ಟುಸಿರುಬಿಡುವಂತಿಲ್ಲ. ತೆರವಾಗಲಿ ವರದಕ್ಷಿಣೆಯಾಗಲಿ, ಜಗಲಿಯ ಮೇಲೆ ಕೂತು ಮಾತು ಮುಗಿಸುತ್ತಿದ್ದವರು ಯಜಮಾನರು. ಹಸೆಮಣೆ ಏರುವ ಹುಡುಗಿಯನ್ನಂತೂ ಯಾರೂ ಕೇಳುತ್ತಿರಲಿಲ್ಲ. ಹುಡುಗನನ್ನು ಕೇಳಿದರೂ ಹೆಸರಿಗೆ ಮಾತ್ರ.

ಆ ಜಗಲಿಯ ಮಾತನ್ನು ವಧುವರರ ಬಾಯಿಗೆ ತಂದವರು ಕುವೆಂಪು. 1966ರಲ್ಲಿ ಮಗ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿಯವರ ಮದುವೆ ಮೂಡಿಗೆರೆ ಬಳಿಯ ಚಿತ್ರಕೂಟ ತೋಟದಲ್ಲಿ ನಡೆದದ್ದು ಅವರು ರೂಪಿಸಿದ ಮಂತ್ರಮಾಂಗಲ್ಯ ಪದ್ಧತಿಯಲ್ಲಿ. ಪುರೋಹಿತರಿಲ್ಲ, ವರದಕ್ಷಿಣೆಯಿಲ್ಲ, ಆಡಂಬರವಿಲ್ಲ, ಕಡಿಮೆ ಜನ, ವೇದ ಉಪನಿಷತ್ತುಗಳಿಂದ ಆಯ್ದ ಮಂತ್ರಗಳು, ಜೊತೆಗೆ ಗಂಡು ಹೆಣ್ಣು ತಾವೇ ಓದಿ ಒಪ್ಪಿಕೊಳ್ಳುವ ಕನ್ನಡದ ಪ್ರತಿಜ್ಞೆ. ಎಲ್ಲರೂ ಇದನ್ನು ಸರಳ ಮದುವೆ ಎಂದೇ ಗುರುತಿಸುತ್ತಾರೆ, ಸರಳತೆಗಾಗಿಯೇ ಹೊಗಳುತ್ತಾರೆ. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ಆ ಪ್ರತಿಜ್ಞೆ. ಹುಡುಗಿ ಎಲ್ಲರೆದುರು ತನ್ನ ಭಾಷೆಯಲ್ಲಿ, ತನ್ನ ದನಿಯಲ್ಲಿ ಮಾತಾಡುತ್ತಾಳೆ. ಹುಡುಗ ಅದೇ ಮಾತನ್ನು ಅವಳಿಗೆ ಸರಿಸಮನಾಗಿ ನಿಂತು ಆಡುತ್ತಾನೆ. ಇದಕ್ಕೆ ಪೂರ್ವಿಕರಿದ್ದಾರೆ. ಮಹಾರಾಷ್ಟ್ರದಲ್ಲಿ ಜ್ಯೋತಿಬಾ ಫುಲೆಯವರ ಸತ್ಯಶೋಧಕ ಸಮಾಜ 1873ರಲ್ಲೇ ಪುರೋಹಿತರಿಲ್ಲದ ಮದುವೆ ನಡೆಸಿತು. ತಮಿಳುನಾಡಿನಲ್ಲಿ ಪೆರಿಯಾರರ ಸ್ವಾಭಿಮಾನ ಮದುವೆಗಳಿಗೆ 1967ರಲ್ಲಿ ಅಣ್ಣಾದೊರೈ ಸರ್ಕಾರ ಹಿಂದೂ ವಿವಾಹ ಕಾಯ್ದೆಗೆ ತಿದ್ದುಪಡಿ ತಂದು ಮಾನ್ಯತೆ ಕೊಟ್ಟಿತು. ಕರ್ನಾಟಕದಲ್ಲಿ ಅಂಥ ತಿದ್ದುಪಡಿ ಆಗಲಿಲ್ಲ. ಆಗಬೇಕಿತ್ತು.

ಮಲೆನಾಡಿನ ಈ ಬೀಜ ಮಂಡ್ಯದ ಕಡೆ ಬಂದದ್ದು ಹೆಚ್ಚಾಗಿ ರೈತಸಂಘದ ಹಸಿರು ಶಾಲಿನ ಜೊತೆ. 1980ರಲ್ಲಿ ಹುಟ್ಟಿದ ಕರ್ನಾಟಕ ರಾಜ್ಯ ರೈತಸಂಘ, ಎಂ.ಡಿ. ನಂಜುಂಡಸ್ವಾಮಿಯವರ ಕಾಲದಿಂದಲೂ, ಸಾಲ ಮಾಡಿ ಮದುವೆ ಮಾಡುವುದನ್ನು ರೈತನ ಸಾಲದ ಪ್ರಶ್ನೆಯ ಭಾಗವಾಗಿಯೇ ನೋಡಿತು. ಸರಳ ಮದುವೆಗಳನ್ನು ಬೆಂಬಲಿಸಿತು. ಪಾಂಡವಪುರ ತಾಲ್ಲೂಕಿನ ಕ್ಯಾತನಹಳ್ಳಿಯ ಕೆ.ಎಸ್. ಪುಟ್ಟಣ್ಣಯ್ಯನವರಿಂದಾಗಿ ಆ ಸಂಘಟನೆಗೆ ಈ ಭಾಗದಲ್ಲಿ ಆಳವಾದ ನೆಲೆಯಿತ್ತು. ಕಬ್ಬಿನ ಬಾಕಿ ಬಾರದೆ ಒದ್ದಾಡುವ ಮನೆ ಮಗಳ ಮದುವೆಗೆಂದು ಜಮೀನು ಅಡವಿಡುವುದು ಬೇಡ ಎಂಬ ಮಾತು ರೈತನಿಗೆ ಅರ್ಥವಾಗುವ ಮಾತೇ. ಆದರೂ ಸರಳ ಮದುವೆ ಊರ ರೂಢಿಯಾಗಲಿಲ್ಲ, ಕಾರ್ಯಕರ್ತರ ಮನೆಗಳಾಚೆ ಹೆಚ್ಚು ಹಬ್ಬಲಿಲ್ಲ. ಜನರ ಹಮ್ಮು, ನೆಂಟರ ಬಾಯಿ ಕಾರಣವಾದದ್ದು ನಿಜ. ಇನ್ನೊಂದು ಕಾರಣವನ್ನು ಚಳವಳಿಯ ಅಭಿಮಾನಿಗಳು ಹೇಳುವುದು ಕಡಿಮೆ: ಆದರ್ಶ ಹಲವು ಸಲ ಗಂಡಿನದಾಗಿರುತ್ತದೆ. ತಾನು ಸರಳವಾಗಿ ಮದುವೆಯಾಗುವೆ ಎಂದು ಹುಡುಗ ಘೋಷಿಸುತ್ತಾನೆ, ಹುಡುಗಿ ಒಪ್ಪಬೇಕು. ಅವಳಿಗೆ ರೇಷ್ಮೆಸೀರೆಯ ಆಸೆ ಇದ್ದರೆ ಅದು ಹಿಂದುಳಿದ ಮನಸ್ಸು. ಅವಳ ತಾಯಿ ಎರಡೆಳೆ ಸರವಾದರೂ ಹಾಕಿ ಕಳಿಸೋಣ ಎಂದರೆ ಅದು ಮೌಢ್ಯ. ತವರಿನ ಜಮೀನಿನಲ್ಲಿ ಪಾಲು ಕಾನೂನಿನಲ್ಲಿದ್ದರೂ ಕೈಗೆ ಬಾರದ ಹೆಣ್ಣಿಗೆ ಆ ಎರಡೆಳೆಯೇ ಆಪತ್ಕಾಲದ ಆಸ್ತಿ ಎಂಬುದು ಲೆಕ್ಕಕ್ಕೆ ಬರುವುದಿಲ್ಲ. ಒಬ್ಬನೇ ತೀರ್ಮಾನಿಸಿದ ಸರಳತೆ ಜಗಲಿಯ ತೀರ್ಮಾನದ ಇನ್ನೊಂದು ರೂಪ. ಬೆಂಬಲಿಸುವ ಸಂಗಾತಿ ಎಂದರೆ ಒಳ್ಳೆಯ ವಿಚಾರ ಇರುವವನಷ್ಟೇ ಅಲ್ಲ. ಆ ವಿಚಾರವನ್ನು ಎದುರಿಗಿದ್ದವಳ ಮಾತು ಕೇಳಿ ತಿದ್ದಿಕೊಳ್ಳಬಲ್ಲವನು, ಲಗ್ನಪತ್ರಿಕೆ ಹಂಚುವ, ಅಡುಗೆಯವರೊಡನೆ ಮಾತಾಡುವ, ಬೇಡ ಎಂದು ತನ್ನಪ್ಪನಿಗೆ ತಾನೇ ಹೇಳುವ ಕೆಲಸದಲ್ಲಿ ಪಾಲು ತೆಗೆದುಕೊಳ್ಳುವವನು.

ಬಲವಂತದ ಸರಳತೆ ನಿಲ್ಲುವುದಿಲ್ಲ ಎಂಬುದಕ್ಕೆ 2020ಕ್ಕಿಂತ ಸ್ಪಷ್ಟ ಸಾಕ್ಷ್ಯ ಬೇಕಿಲ್ಲ. ಕೊರೊನಾ ಕಾಲದಲ್ಲಿ ಮದುವೆಗೆ 50 ಜನರ ಮಿತಿ ಬಂತು. ಕುವೆಂಪು ಬೇಡಿಕೊಂಡದ್ದನ್ನು ಸರ್ಕಾರ ಆಜ್ಞೆ ಮಾಡಿತು. ಅಷ್ಟು ಜನರಲ್ಲೇ ತಾಳಿ ಕಟ್ಟಿದ್ದಾಯಿತು, ಯಾರ ಮರ್ಯಾದೆಯೂ ಹೋಗಲಿಲ್ಲ. ನಿರ್ಬಂಧ ತೆರವಾದದ್ದೇ ತಡ, ಛತ್ರಗಳು ಮತ್ತೆ ತುಂಬಿದವು.

ಈಗ ಈ ಸೀಮೆಯಲ್ಲಿ ತಕ್ಕಡಿ ಇನ್ನೊಂದು ಬದಿಗೆ ವಾಲಿದೆ. ನಾಗಮಂಗಲ ತಾಲ್ಲೂಕಿನ ಆದಿಚುಂಚನಗಿರಿಯಲ್ಲಿ 2022ರ ನವೆಂಬರಿನಲ್ಲಿ ನಡೆದ ಒಕ್ಕಲಿಗ ವಧುವರರ ಸಮಾವೇಶಕ್ಕೆ ಗಂಡುಗಳು ಸಾವಿರ ಸಾವಿರ ಸಂಖ್ಯೆಯಲ್ಲಿ ಬಂದರು, ಹೆಣ್ಣುಗಳು ಕೆಲವೇ ನೂರು. ಮರುವರ್ಷ ಫೆಬ್ರುವರಿಯಲ್ಲಿ ಮಂಡ್ಯದ ಅವಿವಾಹಿತ ಯುವಕರು ಹೆಣ್ಣು ಸಿಗಲೆಂದು ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದರು. ಅದೇ ವರ್ಷದ ಕೊನೆಯಲ್ಲಿ ಮಂಡ್ಯದ ಆಲೆಮನೆಯೊಂದರಲ್ಲಿ ಭ್ರೂಣಲಿಂಗ ಪತ್ತೆ ನಡೆಯುತ್ತಿದ್ದದ್ದು ಬಯಲಾಯಿತು. ಈ ಮೂರನ್ನೂ ಒಂದೇ ಸಾಲಿನಲ್ಲಿ ಇಟ್ಟು ಓದಬೇಕು. ವರದಕ್ಷಿಣೆಯ ಭಯ ಹೆಣ್ಣುಮಕ್ಕಳನ್ನು ಹುಟ್ಟಲು ಬಿಡಲಿಲ್ಲ. ಹುಟ್ಟಿ ಓದಿದವರು ಬೇಸಾಯದ ಮನೆ ಬೇಡ ಎನ್ನುತ್ತಿದ್ದಾರೆ. ಹೆಣ್ಣು ಕೊಟ್ಟರೆ ಸಾಕು, ಮದುವೆ ಖರ್ಚು ನಮ್ಮದು ಎನ್ನುವ ಗಂಡಿನ ಮನೆಗಳನ್ನು ಕಂಡು ಕೆಲವರು ಹೆಣ್ಣಿಗೆ ಒಳ್ಳೆಯ ಕಾಲ ಬಂತು ಎನ್ನುತ್ತಾರೆ. ನಾನು ಒಪ್ಪಲಾರೆ. ತೆರ ಕೊಡುತ್ತಿದ್ದ ಕಾಲದಲ್ಲೂ ಖರ್ಚು ಗಂಡಿನದೇ ಆಗಿತ್ತು, ಮಾತು ಹೆಣ್ಣಿನದಾಗಿರಲಿಲ್ಲ. ಖರ್ಚು ಹೊರುವ ಮನೆ ಬದಲಾದರೆ ಸಾಲದು, ತೀರ್ಮಾನ ಮಾಡುವವರು ಬದಲಾಗಬೇಕು. ಹಳ್ಳಿಯ ಹುಡುಗನಿಗೆ ಹೆಣ್ಣು ಸಿಗದಿರುವುದಕ್ಕೆ ಜಮೀನಿನ ಆದಾಯವಷ್ಟೇ ಕಾರಣವಲ್ಲ. ಆ ಮನೆಯಲ್ಲಿ ತನ್ನ ಮಾತು ನಡೆಯುತ್ತದೆಯೇ ಎಂಬ ಹುಡುಗಿಯ ಅನುಮಾನವೂ ಇದೆ. ಆ ಅನುಮಾನಕ್ಕೆ ಮೊದಲ ಉತ್ತರ ಸಿಗುವುದು ಮದುವೆಯ ತಯಾರಿಯಲ್ಲೇ.

ಹಿರಿಯರ ಆಕ್ಷೇಪ ಗೊತ್ತಿರುವುದೇ: ಮದುವೆ ಎಂದರೆ ಇಬ್ಬರದಲ್ಲ, ಎರಡು ಮನೆಗಳದು. ಇದು ಸುಳ್ಳಲ್ಲ. ಹೆರಿಗೆ, ಕಾಯಿಲೆ, ಬೆಳೆನಷ್ಟದಲ್ಲಿ ಓಡಿಬರುವವರು ಆ ನೆಂಟರೇ. ಆದರೆ ಎರಡು ಮನೆಗಳು ಒಂದಾಗಬೇಕಾದರೆ ನಡುವೆ ನಿಂತು ಮಾತಾಡಬಲ್ಲ ಇಬ್ಬರು ಬೇಕು. ಈ ಕಡೆಯ ಮಾತು ಆ ಕಡೆಗೆ ದಲ್ಲಾಳಿಯ ಬಾಯಲ್ಲಿ ಹೋದಾಗ ಒಂದು ಉಂಗುರಕ್ಕೂ ಮನಸ್ಸು ಮುರಿಯುತ್ತದೆ. ಹುಡುಗ ಹುಡುಗಿ ನೇರ ಮಾತಾಡಿಕೊಂಡಿದ್ದರೆ ಮನಸ್ತಾಪ ಅಲ್ಲಿಗೇ ನಿಲ್ಲುವ ಸಂಭವ ಹೆಚ್ಚು. ಕೈಯಲ್ಲಿ ಸಂಬಳ ಇದ್ದವರಿಗೆ ಮಾತ್ರ ಇದು ಸಾಧ್ಯ ಎಂಬ ಇನ್ನೊಂದು ಮಾತಿಗೂ ತೂಕವಿದೆ. ದುಡಿಯುವ ಹುಡುಗಿಯ ದನಿ ಗಟ್ಟಿ. ಹಾಗೆಂದು ಸಂಬಳವಿಲ್ಲದವಳಿಗೆ ಮಾತು ಬೇಡವೇ? ಅವಳ ಪಾಲಿಗೆ ಸಂಗಾತಿಯ ಒತ್ತಾಸೆ ಇನ್ನೂ ಹೆಚ್ಚು ಬೇಕು.

ಕಾನೂನಿನ ಸಂಗತಿಯೂ ಇಬ್ಬರೂ ಮೊದಲೇ ಕೂತು ತಿಳಿಯಬೇಕಾದ್ದು. ಹಿಂದೂ ವಿವಾಹ ಕಾಯ್ದೆಯ ಪ್ರಕಾರ ಎರಡರಲ್ಲೊಂದು ಕಡೆಯ ರೂಢಿಯ ವಿಧಿ ನಡೆದಿರಬೇಕು. ವಿಧಿಯಿಲ್ಲದೆ ನೋಂದಣಿ ಪತ್ರವೊಂದರಿಂದಲೇ ಮದುವೆ ಆಗದು ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಹೇಳಿದೆ. ಮಂತ್ರಮಾಂಗಲ್ಯದಂತೆ ಮದುವೆಯಾಗಬಯಸುವವರು 1954ರ ವಿಶೇಷ ವಿವಾಹ ಕಾಯ್ದೆಯಡಿ ವಿವಾಹಾಧಿಕಾರಿಗೆ 30 ದಿನ ಮೊದಲು ನೋಟಿಸ್ ಕೊಟ್ಟು, ಮೂವರು ಸಾಕ್ಷಿಗಳೊಂದಿಗೆ ಮದುವೆಯನ್ನು ಭದ್ರ ಮಾಡಿಕೊಳ್ಳುವುದು ಕ್ಷೇಮ.

ಉಳಿದದ್ದು ಬೀಗರೂಟ ಮತ್ತು ಮುಯ್ಯಿ. ಮಂಡ್ಯದಲ್ಲಿ ಬೀಗರೂಟವಿಲ್ಲದೆ ಮದುವೆ ಮುಗಿಯಿತು ಎಂದು ಯಾರೂ ಒಪ್ಪುವುದಿಲ್ಲ. ಮುದ್ದೆ, ಬಾಡಿನ ಸಾರಿನ ಆ ಪಂಕ್ತಿಯಲ್ಲಿ ಊರಿನ ಸಂಬಂಧವೇ ಕೂತಿರುತ್ತದೆ. ಅದನ್ನು ಬಿಡಬೇಕು ಎಂದು ನಾನು ಹೇಳಲಾರೆ. ಆರತಕ್ಷತೆಯ ವೇದಿಕೆ, ಡ್ರೋನ್ ಕ್ಯಾಮೆರಾ, ಊರುತುಂಬ ಫ್ಲೆಕ್ಸ್ ಬಿಟ್ಟು ಅದೇ ದುಡ್ಡಿನಲ್ಲಿ ಎರಡೂ ಮನೆಯವರು ಸೇರಿ ಒಂದೇ ಬೀಗರೂಟ ಮಾಡಬಹುದು. ಮುಯ್ಯಿ ಎಂದರೆ ಪುಸ್ತಕದಲ್ಲಿ ಬರೆದಿಟ್ಟ ಸಾಲ; ಕೊಟ್ಟವರ ಮನೆಯ ಮದುವೆಗೆ ಅಷ್ಟನ್ನೋ ಮೇಲೊಂದಿಷ್ಟನ್ನೋ ಹಾಕಿ ತೀರಿಸಬೇಕು. ಅಪ್ಪ ತನ್ನ ಕಾಲದಲ್ಲಿ ಹಾಕಿದ್ದು ವಾಪಸು ಬರಬೇಕಾದರೆ ದೊಡ್ಡ ಮದುವೆಯೇ ಆಗಬೇಕು ಎಂಬ ವಾದದಲ್ಲಿ ಹುರುಳಿದೆ. ಆದರೆ ಈ ಮದುವೆಯಲ್ಲಿ ಬರೆಸಿಕೊಂಡ ಹೊಸ ಮುಯ್ಯಿಯನ್ನು ಮುಂದೆ ಇಪ್ಪತ್ತು ಮೂವತ್ತು ವರ್ಷ ಹಬ್ಬ, ನಾಮಕರಣ, ಗೃಹಪ್ರವೇಶಗಳಲ್ಲಿ ತೀರಿಸುತ್ತಾ ಹೋಗುವವರು ಆ ಗಂಡಹೆಂಡತಿಯೇ. ಯಾರನ್ನು ಕರೆಯಬೇಕು, ಎಷ್ಟು ಜನರನ್ನು ಕರೆಯಬೇಕು ಎಂಬ ಪಟ್ಟಿಯನ್ನು ಬರೆಯುವಾಗ ಮೊದಲ ಮಾತು ಅವರಿಬ್ಬರದಾಗಬೇಕು, ಹಿರಿಯರ ಹೆಸರುಗಳು ಅದಕ್ಕೆ ಸೇರಬೇಕು.