ಅಧ್ಯಾಪಕ, ಸಂಪಾದಕ, ಮಂತ್ರಿ: ಆರ್.ಆರ್. ದಿವಾಕರರ ಜೀವನವನ್ನು ಪಾಠವಾಗಿಸುವುದು ಹೇಗೆ?

ಸ್ವಾತಂತ್ರ್ಯ ಹೋರಾಟಗಾರರ ಪಾಠ ಮಾಡುವಾಗ ಹುಟ್ಟಿದ ಇಸವಿ, ಹುಟ್ಟೂರು, ಪಡೆದ ಹುದ್ದೆಗಳಿಂದ ಕಪ್ಪುಹಲಗೆ ತುಂಬಿಬಿಡುವುದು ಸುಲಭ. ಮಕ್ಕಳು ಬರೆದುಕೊಳ್ಳುತ್ತಾರೆ, ಪರೀಕ್ಷೆ ಮುಗಿದ ಮೇಲೆ ಮರೆಯುತ್ತಾರೆ. ಅದೇ ಜೀವನವನ್ನು ಪ್ರಶ್ನೆಗಳ ಮೂಲಕ ತೆರೆದಿಟ್ಟರೆ ತರಗತಿ ಮಾತಾಡತೊಡಗುತ್ತದೆ. ಅಧ್ಯಾಪಕ, ಸಂಪಾದಕ, ರಾಜಕಾರಣಿ ಮೂರೂ ಆಗಿದ್ದ ರಂಗನಾಥ ರಾಮಚಂದ್ರ ದಿವಾಕರರು ಇದಕ್ಕೆ ಒಳ್ಳೆಯ ಉದಾಹರಣೆ.

ದಿವಾಕರರು ಜನಿಸಿದ್ದು 1894ರ ಸೆಪ್ಟೆಂಬರ್ 30ರಂದು, ಧಾರವಾಡದಲ್ಲಿ. ಎಂ.ಎ., ಎಲ್‌ಎಲ್.ಬಿ. ಮುಗಿಸಿ ಕೆಲಕಾಲ ಇಂಗ್ಲಿಷ್ ಅಧ್ಯಾಪಕರಾಗಿದ್ದರು. ಅಸಹಕಾರ ಚಳವಳಿಯ ದಿನಗಳಲ್ಲಿ, 1921ರಲ್ಲಿ, ‘ಕರ್ಮವೀರ’ ವಾರಪತ್ರಿಕೆ ಆರಂಭಿಸಿದರು. ಚಳವಳಿಗಾಗಿ ಜೈಲುವಾಸ ಅನುಭವಿಸಿದರು. ಮುಂದೆ ‘ಸಂಯುಕ್ತ ಕರ್ನಾಟಕ’ ಪತ್ರಿಕೆಯನ್ನು ಕಟ್ಟಿ ಬೆಳೆಸಿದವರಲ್ಲಿ ಪ್ರಮುಖರಾದರು. ಈ ಪತ್ರಿಕೆಗಳನ್ನು ನಡೆಸಿದ ಸಂಸ್ಥೆಯ ಹೆಸರು ‘ಲೋಕ ಶಿಕ್ಷಣ ಟ್ರಸ್ಟ್’. ಶಾಲೆಯ ಹೊರಗಿರುವ ಜನರಿಗೂ ಶಿಕ್ಷಣ ತಲುಪಬೇಕೆಂಬ ಉದ್ದೇಶ ಆ ಹೆಸರಿನಲ್ಲೇ ಇದೆ. ಪಾಠದ ಮೊದಲ ಪ್ರಶ್ನೆ ಇಲ್ಲಿಂದಲೇ ಹುಟ್ಟುತ್ತದೆ: ಪತ್ರಿಕೆ ನಡೆಸುವುದೂ ಒಂದು ಬಗೆಯ ಬೋಧನೆಯೇ?

ಎರಡನೆಯ ಪ್ರಶ್ನೆ ಪತ್ರಿಕೆಯ ಹೆಸರಿನದು. ‘ಸಂಯುಕ್ತ’ ಎಂದರೆ ಒಂದುಗೂಡಿದ್ದು. ಹಾಗಾದರೆ ಯಾವುದು ಬೇರೆಬೇರೆಯಾಗಿತ್ತು? ನಮ್ಮ ಭಾಗದ ಮಕ್ಕಳಿಗೆ ಇದನ್ನು ನಕ್ಷೆಯಲ್ಲೇ ತೋರಿಸಬಹುದು. ಬ್ರಿಟಿಷರ ಕಾಲದಲ್ಲಿ ಬಾಗಲಕೋಟೆ, ಬಾದಾಮಿ, ಹುನಗುಂದ ತಾಲ್ಲೂಕುಗಳು ಮುಂಬಯಿ ಪ್ರಾಂತ್ಯದ ವಿಜಾಪುರ ಜಿಲ್ಲೆಗೆ ಸೇರಿದ್ದವು. ಪಕ್ಕದ ಮುಧೋಳ, ಜಮಖಂಡಿಗಳಲ್ಲಿ ಸಂಸ್ಥಾನಿಕರ ಆಡಳಿತವಿತ್ತು. ಇಳಕಲ್ಲಿನಿಂದ ಕುಷ್ಟಗಿ ಕಡೆಗೆ ಹೊರಟರೆ ನಿಜಾಮರ ಸೀಮೆ ಬರುತ್ತಿತ್ತು. ಆಡುವ ಮಾತು ಕನ್ನಡವೇ, ಆಳುವವರು ಮಾತ್ರ ಬೇರೆಬೇರೆ. ಈ ಸೀಮೆಗಳಿಗೆ ಮಕ್ಕಳಿಂದಲೇ ಬೇರೆಬೇರೆ ಬಣ್ಣ ಹಾಕಿಸಿ, ಬಳಿಕ 1956ರ ನವೆಂಬರ್ 1ರ ನಕ್ಷೆಯನ್ನು ಪಕ್ಕದಲ್ಲಿಡಬೇಕು. ಏಕೀಕರಣ ಎಂಬ ಪದಕ್ಕೆ ಆಗ ಬೇರೆ ವಿವರಣೆ ಬೇಕಾಗುವುದಿಲ್ಲ.

ಮೂರನೆಯದು ಪತ್ರಿಕೆ ಓದುವ ಚಟುವಟಿಕೆ. ವಿಜ್ಞಾನದ ಪ್ರಯೋಗದಲ್ಲಿ ನಾವು ವೀಕ್ಷಣೆ, ತೀರ್ಮಾನ ಎಂದು ಎರಡು ಅಂಕಣ ಮಾಡಿಸುತ್ತೇವೆ. ದಿನಪತ್ರಿಕೆಯ ಒಂದು ವರದಿ, ಅದೇ ವಿಷಯದ ಒಂದು ಸಂಪಾದಕೀಯ ಕೊಟ್ಟು ಇದನ್ನೇ ಮಾಡಿಸಬಹುದು. ನಡೆದದ್ದನ್ನು ಹೇಳುವ ವಾಕ್ಯ ಒಂದು ಅಂಕಣಕ್ಕೆ, ಅದರ ಬಗ್ಗೆ ಬರೆದವರ ಅಭಿಪ್ರಾಯ ಇನ್ನೊಂದಕ್ಕೆ. ಮೊಬೈಲಿಗೆ ಬಂದದ್ದೆಲ್ಲ ಸುದ್ದಿ ಎಂದು ನಂಬುವ ವಯಸ್ಸಿನಲ್ಲಿ ಈ ಅಭ್ಯಾಸ ಮಕ್ಕಳಿಗೆ ಬೇಕೇ ಬೇಕು.

ಕೊನೆಯ ಪ್ರಶ್ನೆ ಪ್ರೌಢಶಾಲೆಯ ಮೇಲಿನ ತರಗತಿಗೆ. ದಿವಾಕರರು ಸಂವಿಧಾನ ಸಭೆಯ ಸದಸ್ಯರಾದರು, 1948ರಿಂದ ಕೇಂದ್ರದಲ್ಲಿ ವಾರ್ತಾ ಮತ್ತು ಪ್ರಸಾರ ಖಾತೆಯ ಮಂತ್ರಿಯಾದರು, 1952ರಿಂದ 1957ರವರೆಗೆ ಬಿಹಾರದ ರಾಜ್ಯಪಾಲರಾಗಿದ್ದರು. ಬ್ರಿಟಿಷರ 1931ರ ಪತ್ರಿಕಾ ಕಾಯ್ದೆ ಪತ್ರಿಕೆಗಳಿಂದ ಠೇವಣಿ ಕೇಳುತ್ತಿತ್ತು; ಸರ್ಕಾರಕ್ಕೆ ಒಪ್ಪದ ಬರಹ ಬಂದರೆ ಅದನ್ನು ಮುಟ್ಟುಗೋಲು ಹಾಕುತ್ತಿತ್ತು. ಅಂಥ ಕಾಲದಲ್ಲಿ ಪತ್ರಿಕೆ ನಡೆಸಿದವರು ಸ್ವತಂತ್ರ ಭಾರತದ ಸರ್ಕಾರದಲ್ಲಿ ಮಂತ್ರಿಯಾಗಿದ್ದಾಗಲೇ, 1951ರಲ್ಲಿ, ಸಂವಿಧಾನದ ಮೊದಲ ತಿದ್ದುಪಡಿ ಬಂತು. ಸಾರ್ವಜನಿಕ ಸುವ್ಯವಸ್ಥೆಯ ಕಾರಣಕ್ಕೂ ವಾಕ್ ಸ್ವಾತಂತ್ರ್ಯವನ್ನು ಮಿತಿಗೊಳಿಸಬಹುದು ಎಂದಿತು. ಆ ಮಿತಿ ‘ಸಮಂಜಸ’ವಾಗಿರಬೇಕು ಎಂಬ ಮಾತನ್ನೂ ಸೇರಿಸಿತು. ಸಂಪಾದಕರಾಗಿದ್ದವರು ಅಧಿಕಾರಕ್ಕೆ ಬಂದಾಗ ಪತ್ರಿಕೆಗಳನ್ನು ಹೇಗೆ ನೋಡಬೇಕು? ಎರಡು ಗುಂಪು ಮಾಡಿ ವಾದಿಸಲು ಬಿಡಬೇಕು. ಉತ್ತರವನ್ನು ಶಿಕ್ಷಕರೇ ಕೊಟ್ಟರೆ ಚಟುವಟಿಕೆ ಅಲ್ಲಿಗೇ ಮುಗಿಯಿತು.

ಈ ಪಾಠಕ್ಕೆ ಎರಡು ಅವಧಿ ಬೇಕು. ನಕ್ಷೆ, ಬಣ್ಣದ ಪೆನ್ಸಿಲ್, ಗುಂಪಿಗೊಂದರಂತೆ ಹಳೆಯ ದಿನಪತ್ರಿಕೆ ಸಾಕು. ಮೌಲ್ಯಮಾಪನಕ್ಕೆ ದಿವಾಕರರ ಹುದ್ದೆಗಳ ಪಟ್ಟಿ ಕೇಳುವ ಬದಲು, ತಮ್ಮ ಊರಿನ ಒಂದು ಸಮಸ್ಯೆಯ ಮೇಲೆ ಐದು ಸಾಲಿನ ವರದಿ, ಐದು ಸಾಲಿನ ಸಂಪಾದಕೀಯ ಬರೆಸಿ ನೋಡಬಹುದು.