ಉಗುರು ಪದರ ಪದರವಾಗಿ ಏಳುತ್ತಿದೆಯೇ?

ಕೆಸರೆಯಲ್ಲಿರುವ ನನ್ನ ಚಿಕ್ಕ ಕ್ಲಿನಿಕ್ಕಿಗೆ ಉಗುರು ತೋರಿಸಲೆಂದೇ ಬರುವವರು ಬಹಳ ಕಡಿಮೆ. ತಮ್ಮ ಜ್ವರಕ್ಕೋ ಮಗುವಿನ ಕೆಮ್ಮಿಗೋ ಬಂದವರು ಚೀಟಿ ಬರೆಸಿಕೊಂಡು ಬಾಗಿಲವರೆಗೆ ಹೋಗಿ, ಅಲ್ಲಿಂದ ತಿರುಗಿ 'ಡಾಕ್ಟ್ರೇ, ಇನ್ನೊಂದು ಮಾತು' ಎಂದು ಸಂಕೋಚದಿಂದ ಕೈ ಮುಂದೆ ಚಾಚುತ್ತಾರೆ. ಹೀಗೆ ಕೇಳುವವರಲ್ಲಿ ಹೆಂಗಸರೇ ಹೆಚ್ಚು.

ಕೆಲವು ವರ್ಷಗಳ ಹಿಂದೆ ಸುಮಾರು ಮೂವತ್ತೈದು ವಯಸ್ಸಿನ ತಾಯಿಯೊಬ್ಬರು ಮಗನ ಕೆಮ್ಮಿಗೆಂದು ಬಂದಿದ್ದರು. ಬೆಳಿಗ್ಗೆ ನಾಲ್ಕು ಮನೆಗಳಲ್ಲಿ ಪಾತ್ರೆ, ಬಟ್ಟೆಯ ಕೆಲಸ. ಮಧ್ಯಾಹ್ನದ ಮೇಲೆ ಮನೆಯಲ್ಲಿ ಊದುಬತ್ತಿ ಹೊಸೆಯುವ ಕೆಲಸ. ಹೊರಡುವಾಗ, 'ಉಗುರು ಈರುಳ್ಳಿ ಸಿಪ್ಪೆ ಥರ ಏಳ್ತದೆ ಸಾರ್, ಸೀರೆಗೆಲ್ಲ ಸಿಕ್ಕಿಹಾಕಿಕೊಳ್ತದೆ' ಎಂದರು. ಹೊರಗೆ ಇನ್ನೂ ಹತ್ತು ಜನ ಕಾಯುತ್ತಿದ್ದರು. ನಾನು ಅವರ ಕೈಯನ್ನು ಸರಿಯಾಗಿ ನೋಡದೆಯೇ 'ಕ್ಯಾಲ್ಸಿಯಂ ಕಮ್ಮಿ ಇರಬೇಕಮ್ಮ' ಎಂದು ಮಾತ್ರೆ ಬರೆದುಕೊಟ್ಟೆ.

ಮೂರು ತಿಂಗಳ ನಂತರ ಅವರೇ ಮತ್ತೆ ಬಂದರು. ಉಗುರು ಹಾಗೆಯೇ ಇತ್ತು. ಈ ಸಲ ಮತ್ತೊಂದು ಮಾತೂ ಹೇಳಿದರು: 'ಎರಡನೇ ಮಹಡಿ ಮನೆಗೆ ಹತ್ತೋ ಹೊತ್ತಿಗೆ ಮೂರು ಸಲ ನಿಲ್ಲಬೇಕು ಸಾರ್. ವಯಸ್ಸಾಯ್ತಲ್ಲ, ಅದಕ್ಕೇ ಇರಬೇಕು.' ಮೂವತ್ತೈದಕ್ಕೆ ವಯಸ್ಸಾಗುವುದೆಂದರೇನು? ಆಗ ಕಣ್ಣಿನ ಕೆಳರೆಪ್ಪೆ ಎಳೆದು ನೋಡಿದೆ, ಬಿಳಿಚಿಕೊಂಡಿತ್ತು. ಕೈ ಹಿಡಿದು ಉಗುರು ನೋಡಿದೆ; ಉಬ್ಬಾಗಿರಬೇಕಾದ ಉಗುರು ನಡುವೆ ತಗ್ಗಿ, ಚಮಚದಂತೆ ಗುಂಡಿ ಬಿದ್ದಿತ್ತು. ವಿಚಾರಿಸಿದಾಗ, ಒಂದೂವರೆ ವರ್ಷದಿಂದ ಮುಟ್ಟು ಎಂಟು ದಿನ ನಿಲ್ಲುತ್ತಿರಲಿಲ್ಲವೆಂದು ತಿಳಿಯಿತು. ರಕ್ತ ಪರೀಕ್ಷೆ ಮಾಡಿಸಿದರೆ ಹಿಮೋಗ್ಲೋಬಿನ್ 7.8 ಗ್ರಾಂ. ಹನ್ನೆರಡಾದರೂ ಇರಬೇಕಾದ ಕಡೆ ಎಂಟೂ ಇರಲಿಲ್ಲ.

ಮೂರು ತಿಂಗಳ ಹಿಂದೆಯೇ ಆ ಉಗುರು ನನಗೆ ವಿಷಯ ಹೇಳಿತ್ತು. ನೋಡದೆ ಹೋದದ್ದು ನನ್ನ ತಪ್ಪು. ಆ ತಪ್ಪು ನಿಮ್ಮ ಮನೆಯಲ್ಲಿ ಆಗದಿರಲಿ ಎಂದೇ ಈ ವಾರ ಉಗುರಿನ ವಿಷಯ ಬರೆಯುತ್ತಿದ್ದೇನೆ.

ಉಗುರು ಎಂದರೇನು?

ಉಗುರು ಮೂಳೆಯಲ್ಲ. ಕೂದಲಿನಲ್ಲಿರುವ ಕೆರಾಟಿನ್ ಎಂಬ ಪ್ರೋಟೀನಿನಿಂದಲೇ ಉಗುರೂ ಆಗಿರುತ್ತದೆ. ಚರ್ಮದ ಕೆಳಗೆ, ಉಗುರಿನ ಬುಡದಲ್ಲಿ, ಹೊಸ ಜೀವಕೋಶಗಳು ಹುಟ್ಟಿ, ಗಟ್ಟಿಯಾಗಿ, ತೆಳು ಪದರಗಳಾಗಿ ಒಂದಕ್ಕೊಂದು ಅಂಟಿಕೊಂಡು ಮುಂದಕ್ಕೆ ಸರಿಯುತ್ತವೆ. ಹೊರಗೆ ಕಾಣುವ ಉಗುರಿಗೆ ಜೀವವಿಲ್ಲ. ಆದ್ದರಿಂದಲೇ ಕತ್ತರಿಸಿದರೆ ನೋವಾಗುವುದಿಲ್ಲ.

ಕೈಬೆರಳಿನ ಉಗುರು ತಿಂಗಳಿಗೆ ಸುಮಾರು 3 ಮಿಲಿಮೀಟರ್ ಬೆಳೆಯುತ್ತದೆ. ಬುಡದಿಂದ ತುದಿಯವರೆಗೆ ಪೂರ್ತಿ ಹೊಸ ಉಗುರು ಬರಲು ಸುಮಾರು ಆರು ತಿಂಗಳು ಬೇಕು. ಕಾಲಿನ ಉಗುರಿಗೆ ಒಂದರಿಂದ ಒಂದೂವರೆ ವರ್ಷ. ಈ ಲೆಕ್ಕವನ್ನು ನೆನಪಿಟ್ಟುಕೊಳ್ಳಿ. ಇಂದು ಆರೈಕೆ ಆರಂಭಿಸಿ ಮುಂದಿನ ವಾರ ಫಲ ಕಾಣಲಿಲ್ಲವೆಂದು ಬೇಸರಿಸಬಾರದು.

ನೀರು ಮತ್ತು ಸೋಪು

ಉಗುರಿನ ತುದಿ ಪದರ ಬಿಡುವುದಕ್ಕೆ ಅತಿ ಸಾಮಾನ್ಯ ಕಾರಣ ಕೈ ಮತ್ತೆ ಮತ್ತೆ ನೆನೆದು ಒಣಗುವುದು. ನೀರಿನಲ್ಲಿ ಉಗುರು ಉಬ್ಬುತ್ತದೆ, ಒಣಗಿದಾಗ ಕುಗ್ಗುತ್ತದೆ. ದಿನಕ್ಕೆ ಇಪ್ಪತ್ತು ಸಲ ಹೀಗಾದರೆ ಪದರಗಳ ನಡುವಿನ ಅಂಟು ಸಡಿಲವಾಗುತ್ತದೆ. ಮಳೆಗೆ ನೆನೆದು ಬಿಸಿಲಿಗೆ ಒಣಗಿದ ಪ್ಲೈವುಡ್ ಹಲಗೆ ಅಂಚಿನಲ್ಲಿ ಬಿಚ್ಚಿಕೊಳ್ಳುವುದನ್ನು ನೀವು ನೋಡಿರಬಹುದು. ಇದೂ ಹಾಗೆಯೇ.

ಪಾತ್ರೆ ಸೋಪು, ವಾಷಿಂಗ್ ಪೌಡರ್, ಫಿನಾಯಿಲ್, ಬ್ಲೀಚಿಂಗ್ ಪೌಡರ್ ಇವು ಚರ್ಮದ ಮತ್ತು ಉಗುರಿನ ಜಿಡ್ಡನ್ನು ತೆಗೆದುಬಿಡುತ್ತವೆ. ಬೋರ್‌ವೆಲ್‌ನ ಗಡಸು ನೀರಾದರೆ ನೊರೆ ಬರಲು ಸೋಪು ಇನ್ನೂ ಹೆಚ್ಚು ಬೇಕು. ಮನೆಗೆಲಸದವರು, ಹೋಟೆಲಿನವರು, ಕ್ಷೌರಿಕರು, ದಾದಿಯರು, ಕೈಕೂಸಿನ ತಾಯಂದಿರು ಈ ತೊಂದರೆಗೆ ಸುಲಭವಾಗಿ ಗುರಿಯಾಗುತ್ತಾರೆ. ಬೀಡಿ ಕಟ್ಟುವವರಿಗೆ ನೆನೆಸಿದ ಎಲೆಯ ತೇವದ ಜತೆಗೆ ಬೆರಳ ತುದಿಯ ಸವೆತವೂ ಸೇರುತ್ತದೆ.

ನೇಲ್ ಪಾಲಿಶ್‌ಗಿಂತ ಅದನ್ನು ಅಳಿಸುವ ರಿಮೂವರ್ ಹೆಚ್ಚು ಕೆಟ್ಟದ್ದು. ಉಗುರನ್ನು ಆಯುಧದಂತೆ ಬಳಸುವುದು, ಅಂದರೆ ಡಬ್ಬಿಯ ಮುಚ್ಚಳ ಎಬ್ಬಿಸುವುದು, ಪಾತ್ರೆಯ ತಳ ಕೆರೆಯುವುದು, ಸ್ಟಿಕರ್ ಕೀಳುವುದು, ಇವೂ ಉಗುರಿಗೆ ಮಾರಕ. ವಯಸ್ಸಾದಂತೆ ಉಗುರಿನ ಮೇಲೆ ಉದ್ದುದ್ದ ಗೆರೆಗಳು ಮೂಡಿ ತುದಿ ಸೀಳುವುದುಂಟು. ಅದು ಕೂದಲು ನೆರೆತಂತೆ ಸಹಜ.

ಕಾಲಿನ ಉಗುರನ್ನೂ ನೋಡಿ

ನೀವೇ ಮಾಡಿಕೊಳ್ಳಬಹುದಾದ ಒಂದು ಸರಳ ಪರೀಕ್ಷೆ ಇದೆ. ಕೈಯ ಉಗುರುಗಳು ಮಾತ್ರ ಪದರ ಏಳುತ್ತಿದ್ದು ಕಾಲಿನ ಉಗುರುಗಳು ಚೆನ್ನಾಗಿದ್ದರೆ, ಕಾರಣ ಬಹುಮಟ್ಟಿಗೆ ಹೊರಗಿನದು: ನೀರು, ಸೋಪು, ಕೆಲಸ. ಕೈಕಾಲು ಎರಡರ ಉಗುರೂ ದುರ್ಬಲವಾಗಿದ್ದರೆ ದೇಹದೊಳಗೆ ಏನೋ ಕೊರತೆ ಇರುವ ಸಂಭವ ಹೆಚ್ಚು. ಇದು ಗುರಿ ತೋರಿಸುವ ಕೈಮರವೇ ಹೊರತು ಕೊನೆಯ ತೀರ್ಪಲ್ಲ. ನಾನು ಹೇಳಿದ ತಾಯಿಯಲ್ಲಿ ಎರಡೂ ಕಾರಣಗಳು ಕೂಡಿದ್ದವು. ನೀರಿನ ಕೆಲಸ ಕಣ್ಣಿಗೆ ಕಾಣುತ್ತಿತ್ತು. ರಕ್ತಹೀನತೆ ಅದರ ಮರೆಯಲ್ಲಿ ಅಡಗಿತ್ತು.

ರಕ್ತಹೀನತೆ ಮರೆಯದಿರಿ

ಕಬ್ಬಿಣಾಂಶ ಕಡಿಮೆಯಾದಾಗ ಉಗುರು ತೆಳುವಾಗಿ, ಚಪ್ಪಟೆಯಾಗಿ, ಕೊನೆಗೆ ಚಮಚದಂತೆ ತಗ್ಗುತ್ತದೆ. ಉಗುರಿನ ನಡುವೆ ಒಂದು ಹನಿ ನೀರು ಬಿಟ್ಟು ನೋಡಿ. ಹನಿ ಜಾರದೆ ಗುಂಡಿಯಲ್ಲಿ ನಿಂತರೆ ರಕ್ತ ಪರೀಕ್ಷೆ ಮಾಡಿಸಲೇಬೇಕು. ಆದರೆ ಈ ಗುಂಡಿ ಎಲ್ಲ ರಕ್ತಹೀನರಲ್ಲೂ ಕಾಣುವುದಿಲ್ಲ. ಸುಸ್ತು, ಏದುಸಿರು, ಎದೆ ಹೊಡೆದುಕೊಳ್ಳುವುದು, ತಲೆಸುತ್ತು, ಬಾಯಿಯ ಮೂಲೆ ಸೀಳುವುದು, ಮಣ್ಣು ಅಥವಾ ಹಸಿ ಅಕ್ಕಿ ತಿನ್ನಬೇಕೆನ್ನಿಸುವುದು ಇವೂ ಅದರ ಲಕ್ಷಣಗಳೇ.

ಇದು ಅಪರೂಪದ ಕಾಯಿಲೆಯಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ 15ರಿಂದ 49 ವಯಸ್ಸಿನ ಮಹಿಳೆಯರಲ್ಲಿ ಸುಮಾರು ಶೇ. 48ರಷ್ಟು ಮಂದಿಗೆ ರಕ್ತಹೀನತೆ ಇದೆ. ಅಂದರೆ ಹೆಚ್ಚುಕಡಿಮೆ ಇಬ್ಬರಲ್ಲಿ ಒಬ್ಬರು. ಹಿಮೋಗ್ಲೋಬಿನ್ ಮಹಿಳೆಯರಲ್ಲಿ 12, ಗರ್ಭಿಣಿಯರಲ್ಲಿ 11, ಗಂಡಸರಲ್ಲಿ 13 ಗ್ರಾಂಗಿಂತ ಕಡಿಮೆಯಿದ್ದರೆ ಅದು ರಕ್ತಹೀನತೆ. ಮನೆಯವರೆಲ್ಲ ಉಂಡ ಮೇಲೆ ಉಳಿದದ್ದನ್ನು ಉಣ್ಣುವ ತಾಯಂದಿರ ಅಭ್ಯಾಸಕ್ಕೂ ಇದರಲ್ಲಿ ಪಾಲಿದೆ.

ಕಬ್ಬಿಣದ ಮಾತ್ರೆ ನುಂಗಿದರೆ ಮುಗಿಯಿತೆಂದಲ್ಲ. ರಕ್ತ ಎಲ್ಲಿ ಸೋರುತ್ತಿದೆ ಎಂಬುದನ್ನು ಹುಡುಕಬೇಕು. ಹೆಚ್ಚು ಮುಟ್ಟು, ಗರ್ಭಕೋಶದ ಗಡ್ಡೆ, ಮೂಲವ್ಯಾಧಿ, ಕೊಕ್ಕೆಹುಳು ಇವು ಸಾಮಾನ್ಯ ಕಾರಣಗಳು. ಗಂಡಸರಲ್ಲಿ ಅಥವಾ ಮುಟ್ಟು ನಿಂತ ಮಹಿಳೆಯರಲ್ಲಿ ಕಬ್ಬಿಣಾಂಶ ಕಡಿಮೆಯಾದರೆ ಹೊಟ್ಟೆ, ಕರುಳಿನ ತಪಾಸಣೆ ತಪ್ಪಿಸಬಾರದು.

ಮಾತ್ರೆಯನ್ನು ಕಾಫಿ, ಟೀ ಜತೆ ನುಂಗಬೇಡಿ. ಅವು ಕಬ್ಬಿಣಾಂಶ ಮೈಗೆ ಹತ್ತದಂತೆ ತಡೆಯುತ್ತವೆ. ಕ್ಯಾಲ್ಸಿಯಂ ಮಾತ್ರೆಯೂ ಅಷ್ಟೇ. ಎರಡನ್ನೂ ಒಂದೇ ಹೊತ್ತಿಗೆ ತೆಗೆದುಕೊಳ್ಳಬಾರದು. ನಿಂಬೆಹಣ್ಣಿನ ಪಾನಕದೊಂದಿಗೆ ತೆಗೆದುಕೊಂಡರೆ ಚೆನ್ನಾಗಿ ಹತ್ತುತ್ತದೆ. ಮಲ ಕಪ್ಪಾದರೆ ಗಾಬರಿ ಬೇಡ. ಹಿಮೋಗ್ಲೋಬಿನ್ ಸರಿಯಾದ ಮೇಲೂ ಮೂರು ತಿಂಗಳು ಮುಂದುವರಿಸಿದರೆ ಮಾತ್ರ ಮೈಯೊಳಗಿನ ದಾಸ್ತಾನು ತುಂಬುತ್ತದೆ. ಮಕ್ಕಳ ಕೈಗೆ ಮಾತ್ರ ಸಿಗದಂತೆ ಇಡಿ. ಹೆಚ್ಚು ನುಂಗಿದರೆ ಪ್ರಾಣಾಪಾಯ.

ಊಟದಲ್ಲಿ ಸೊಪ್ಪು, ಹುರುಳಿ, ಅಲಸಂದೆ, ಹೆಸರುಕಾಳು ಇರಲಿ. ಕಾಳನ್ನು ಮೊಳಕೆ ಬರಿಸಿ, ಮೇಲೆ ನಿಂಬೆರಸ ಹಿಂಡಿ ತಿನ್ನಿ. ತಿನ್ನುವವರಿಗೆ ಮಾಂಸ, ಮೀನಿನಿಂದ ಕಬ್ಬಿಣಾಂಶ ಇನ್ನೂ ಸುಲಭವಾಗಿ ಸಿಗುತ್ತದೆ. ಆದರೆ ಈಗಾಗಲೇ ರಕ್ತಹೀನತೆ ಇರುವವರಿಗೆ ಊಟವೊಂದೇ ಸಾಲದು.

ಇನ್ನೊಂದು ಕಾರಣ ಥೈರಾಯಿಡ್ ಗ್ರಂಥಿಯ ಮಂದಗತಿ. ಉಗುರಿನ ಜತೆಗೆ ಕೂದಲು ಉದುರುವುದು, ಚರ್ಮ ಒಣಗುವುದು, ತೂಕ ಏರುವುದು, ಚಳಿ ತಡೆಯದಿರುವುದು, ಮಲಬದ್ಧತೆ ಕಂಡರೆ ಟಿ.ಎಸ್.ಎಚ್. ಪರೀಕ್ಷೆ ಮಾಡಿಸಿ.

ಕ್ಯಾಲ್ಸಿಯಂ ನಂಬಿಕೆ, ಬಯೋಟಿನ್ ಗೀಳು

ಉಗುರಿನಲ್ಲಿ ಕ್ಯಾಲ್ಸಿಯಂ ಇರುವುದು ಅತ್ಯಲ್ಪ. ಅದರ ಗಟ್ಟಿತನ ಬರುವುದು ಕೆರಾಟಿನ್‌ನಲ್ಲಿರುವ ಗಂಧಕದ ಬೆಸುಗೆಯಿಂದ. ಆದ್ದರಿಂದ ಉಗುರು ಮುರಿಯಿತೆಂದು ಕ್ಯಾಲ್ಸಿಯಂ ನುಂಗುವುದರಿಂದ ಪ್ರಯೋಜನವಿಲ್ಲ. ಉಗುರಿನ ಮೇಲೆ ಆಗಾಗ ಕಾಣುವ ಬಿಳಿ ಚುಕ್ಕೆಯೂ ಕ್ಯಾಲ್ಸಿಯಂ ಕೊರತೆಯಲ್ಲ. ಬಹುಪಾಲು ಅದು ಬುಡಕ್ಕೆ ಬಿದ್ದ ಸಣ್ಣ ಪೆಟ್ಟಿನ ಗುರುತು.

ಈಚೆಗೆ ಬಯೋಟಿನ್ ಎಂಬ ವಿಟಮಿನ್ ಮಾತ್ರೆ ಬಹಳ ಮಾರಾಟವಾಗುತ್ತಿದೆ. ಕೆಲವರಿಗೆ ಉಪಯೋಗವಾಗಿದೆಯೆಂದು ಹೇಳುವ ಅಧ್ಯಯನಗಳಿದ್ದರೂ ಅವು ಚಿಕ್ಕವು. ಹೆಚ್ಚು ಪ್ರಮಾಣದ ಬಯೋಟಿನ್ ತೆಗೆದುಕೊಳ್ಳುವವರಲ್ಲಿ ಥೈರಾಯಿಡ್ ಪರೀಕ್ಷೆ, ಹೃದಯಾಘಾತ ಪತ್ತೆಮಾಡುವ ಟ್ರೋಪೋನಿನ್ ಪರೀಕ್ಷೆ ತಪ್ಪು ಫಲಿತಾಂಶ ಕೊಡಬಹುದು. ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2017ರಲ್ಲಿ ಈ ಎಚ್ಚರಿಕೆ ನೀಡಿತು. ನೀವು ಅದನ್ನು ನುಂಗುತ್ತಿದ್ದರೆ ರಕ್ತ ಕೊಡುವ ಮೊದಲು ವೈದ್ಯರಿಗೆ ತಿಳಿಸಿ.

ಆರೈಕೆ ಹೇಗೆ?

* ಉಗುರನ್ನು ಚಿಕ್ಕದಾಗಿ ಇಟ್ಟುಕೊಳ್ಳಿ. ಸ್ನಾನವಾದ ಮೇಲೆ, ಮೆತ್ತಗಿರುವಾಗ ಕತ್ತರಿಸಿ. ಮಂಗಳವಾರ, ಶುಕ್ರವಾರ ಕತ್ತರಿಸಬಾರದೆಂಬ ನಂಬಿಕೆ ನಿಮ್ಮ ಮನೆಯಲ್ಲಿದ್ದರೆ ಉಳಿದ ಐದು ದಿನಗಳಲ್ಲಿ ಒಂದನ್ನು ಗೊತ್ತುಮಾಡಿಕೊಳ್ಳಿ.

* ಎದ್ದ ಪದರವನ್ನು ಕೀಳಬೇಡಿ, ಹಲ್ಲಿನಿಂದ ಕಚ್ಚಬೇಡಿ. ಅರದಿಂದ ಒಂದೇ ದಿಕ್ಕಿನಲ್ಲಿ ಮೆಲ್ಲಗೆ ಉಜ್ಜಿ ಸರಿಮಾಡಿ.

* ಪಾತ್ರೆ, ಬಟ್ಟೆಯ ಕೆಲಸಕ್ಕೆ ರಬ್ಬರ್ ಕೈಗವಸು ಹಾಕಿಕೊಳ್ಳಿ. ಒಳಗೆ ತೆಳು ಹತ್ತಿಯ ಕೈಗವಸು ಇದ್ದರೆ ಬೆವರು ಹೀರುತ್ತದೆ. ಆಗದಿದ್ದರೆ ನೀರಿನ ಕೆಲಸಗಳನ್ನು ಒಟ್ಟಿಗೆ ಮುಗಿಸಿ, ಬೆರಳ ಸಂದಿಯವರೆಗೆ ಕೈ ಒರೆಸಿಕೊಳ್ಳಿ.

* ಕೈ ಒರೆಸಿದ ಕೂಡಲೇ ಮತ್ತು ರಾತ್ರಿ ಮಲಗುವಾಗ ಕೊಬ್ಬರಿ ಎಣ್ಣೆ ಅಥವಾ ವ್ಯಾಸಲೀನ್ ಅನ್ನು ಉಗುರಿಗೆ, ಅದರ ಬುಡಕ್ಕೆ ಹಚ್ಚಿ. ದುಬಾರಿ ಕ್ರೀಮು ಬೇಕಿಲ್ಲ. ಬಿಡದೆ ಹಚ್ಚುವುದೇ ಮುಖ್ಯ.

* ರಿಮೂವರ್ ಬಳಕೆ ಎರಡು ವಾರಕ್ಕೊಮ್ಮೆಗಿಂತ ಹೆಚ್ಚು ಬೇಡ.

ಯಾವಾಗ ತಡಮಾಡಬಾರದು?

ಒಂದೇ ಉಗುರಿನಲ್ಲಿ ಹೊಸದಾಗಿ ಕಪ್ಪು ಗೆರೆ ಮೂಡಿ ಅಗಲವಾಗುತ್ತಿದ್ದರೆ, ಉಗುರು ಬುಡದಿಂದ ಬಿಟ್ಟುಕೊಂಡರೆ, ಉಗುರುಸುತ್ತಾಗಿ ಕೀವು, ನೋವು ಇದ್ದರೆ, ಬೆರಳ ತುದಿ ಉಬ್ಬಿ ಉಗುರು ಗಿಳಿಯ ಕೊಕ್ಕಿನಂತೆ ಬಾಗಿದರೆ ಕೂಡಲೇ ವೈದ್ಯರನ್ನು ಕಾಣಿ. ಉಗುರು ದಪ್ಪವಾಗಿ ಹಳದಿ ಬಣ್ಣಕ್ಕೆ ತಿರುಗಿದರೆ ಶಿಲೀಂಧ್ರವಿರಬಹುದು. ಹೊಲಿಗೆಯ ಬೆರಳುಕವಚದಂತೆ ಸಣ್ಣ ಸಣ್ಣ ಗುಳಿ ಬಿದ್ದರೆ ಸೋರಿಯಾಸಿಸ್ ಇರಬಹುದು. ಉಗುರನ್ನು ಕೆರೆದು ಪರೀಕ್ಷಿಸದೆ ಶಿಲೀಂಧ್ರದ ಮಾತ್ರೆಯನ್ನು ತಿಂಗಳುಗಟ್ಟಲೆ ನುಂಗಬೇಡಿ. ಮೈಸೂರಿನವರಿಗೆ ಕೆ.ಆರ್. ಆಸ್ಪತ್ರೆಯ ಚರ್ಮರೋಗ ವಿಭಾಗವಿದೆ. ಹಿಮೋಗ್ಲೋಬಿನ್ ಪರೀಕ್ಷೆಯನ್ನು ಹತ್ತಿರದ ಸರ್ಕಾರಿ ಆರೋಗ್ಯ ಕೇಂದ್ರದಲ್ಲೇ ಮಾಡಿಸಬಹುದು.

ಆ ತಾಯಿಯನ್ನು ನಾನು ಚೆಲುವಾಂಬ ಆಸ್ಪತ್ರೆಗೆ ಕಳುಹಿಸಿದೆ. ಗರ್ಭಕೋಶದಲ್ಲಿ ಗಡ್ಡೆ ಇದ್ದುದು ಅಲ್ಲಿ ತಿಳಿಯಿತು. ಅದಕ್ಕೆ ಚಿಕಿತ್ಸೆಯಾಯಿತು, ಕಬ್ಬಿಣದ ಮಾತ್ರೆ ಮುಂದುವರಿಯಿತು. ಕೈಗವಸು ಮಾತ್ರ ಸುಲಭವಾಗಲಿಲ್ಲ. 'ಅದು ಹಾಕ್ಕೊಂಡ್ರೆ ಕೆಲಸ ಕೊಟ್ಟವರು ನಗ್ತಾರೆ ಸಾರ್' ಎಂದರು. ಕೊನೆಗೆ ನಾಲ್ಕರಲ್ಲಿ ಒಂದು ಮನೆಯ ಯಜಮಾನಿ ತಾವೇ ಒಂದು ಜತೆ ಕೊಂಡುಕೊಟ್ಟರಂತೆ. ಅದನ್ನೇ ಉಳಿದ ಮೂರು ಮನೆಗಳಿಗೂ ಒಯ್ಯುತ್ತಿದ್ದರು. ಏಳೆಂಟು ತಿಂಗಳ ಮೇಲೆ ಬಂದಾಗ ನಾನು ಕೇಳುವ ಮೊದಲೇ ಕೈ ಮುಂದೆ ಚಾಚಿದರು. ಉಗುರು ಉಬ್ಬಿ ನಿಂತಿತ್ತು. ಹಿಮೋಗ್ಲೋಬಿನ್ ಹನ್ನೆರಡು ದಾಟಿತ್ತು.

ಇಂದು ಪತ್ರಿಕೆ ಮಡಿಸಿಟ್ಟ ಮೇಲೆ ನಿಮ್ಮ ಮನೆಯ ಹೆಂಗಸರ ಕೈಯನ್ನೊಮ್ಮೆ ಬೆಳಕಿಗೆ ಹಿಡಿದು ನೋಡಿ. ನಿಮ್ಮ ಮನೆಗೆ ಕೆಲಸಕ್ಕೆ ಬರುವವರ ಕೈಯನ್ನೂ ಮರೆಯಬೇಡಿ.